ಕಾವಲುಗಾರನ ಬೀಗದಕೈ

ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸಬಲ್ಲ ಕಡತಕ್ಕೆ ವಿಂಡೋಸ್‌ನಲ್ಲಿ ಡಿಎಲ್‌ಎಲ್ ಎನ್ನುತ್ತಾರೆ. ಮೈಕ್ರೋಸಾಫ್ಟ್‌ನ ಡಿಫೆಂಡರ್, ಸೆಕ್ಯುರಿಟಿ ಎಸೆನ್ಷಿಯಲ್ಸ್, ಎಂಡ್‌ಪಾಯಿಂಟ್ ಪ್ರೊಟೆಕ್ಷನ್‌ಗಳ ಹೆಸರು ಬೇರೆಯಾಗಿದ್ದರೂ ವೈರಸ್ ಹುಡುಕುವ ಎಂಜಿನ್ ಒಂದೇ ಆಗಿತ್ತು: ಎಂಪಿಎಂಜಿನ್ ಎಂಬ ಡಿಎಲ್‌ಎಲ್.

2017ರ ಮೇ ತಿಂಗಳಲ್ಲಿ ಗೂಗಲ್‌ನ ಟ್ಯಾವಿಸ್ ಒರ್ಮಂಡಿ, ನಟಾಲಿ ಸಿಲ್ವನೊವಿಚ್ ಇದರಲ್ಲೊಂದು ದೋಷ ಕಂಡುಹಿಡಿದರು. ಕೇಡಿನ ಇಮೇಲನ್ನು ನಾವು ತೆರೆಯಬೇಕಾಗಿಯೇ ಇರಲಿಲ್ಲ. ಎಂಜಿನ್ ಅದನ್ನು ಪರೀಕ್ಷಿಸಿದರೆ ಸಾಕು, ಕಂಪ್ಯೂಟರ್ ದಾಳಿಕೋರನ ವಶವಾಗಬಹುದಿತ್ತು. ಏಕೆಂದರೆ ಆ ಎಂಜಿನ್ನಿಗೆ ಇಡೀ ಯಂತ್ರದ ಮೇಲೆ ಅಧಿಕಾರವಿತ್ತು.

ಕಡತ ಒಂದೇ ಆದ್ದರಿಂದ ದೋಷ ಎಲ್ಲರದಾಯಿತು. ಕೆಲವೇ ದಿನಗಳಲ್ಲಿ ಬಂದ ಪರಿಹಾರವೂ ಎಲ್ಲರದಾಯಿತು. 2018ರ ಅಕ್ಟೋಬರ್‌ನಲ್ಲಿ, ಅನುಮಾನದ ಕಡತಗಳನ್ನು ಬಿಡಿಸಿ ನೋಡುವ ಕೆಲಸವನ್ನು ಅಧಿಕಾರ ಕಡಿಮೆಯಿರುವ ಪ್ರತ್ಯೇಕ ಆವರಣಕ್ಕೆ ಸರಿಸುವ ಏರ್ಪಾಟನ್ನು ಮೈಕ್ರೋಸಾಫ್ಟ್ ಪ್ರಕಟಿಸಿತು. ಕಾವಲುಗಾರನಾದರೂ ಸರಿ, ಮನೆಯ ಎಲ್ಲ ಬೀಗದಕೈಗಳು ಅವನೊಬ್ಬನ ಬಳಿ ಇರಬಾರದು.