ಚಂದ್ರಿಯಿಂದ ಸೆರೆಮನೆಯ ದಿನಚರಿಗೆ: ಸ್ನೇಹಲತಾ ರೆಡ್ಡಿಯವರ ನಟನೆ ಮತ್ತು ಬರಹ

ಕನ್ನಡ ಚಲನಚಿತ್ರದ ಚರಿತ್ರೆಕಾರರು ಸ್ನೇಹಲತಾ ರೆಡ್ಡಿಯವರನ್ನು (1932–1977) ‘ಸಂಸ್ಕಾರ’ದ ಚಂದ್ರಿಯೆಂದು ನೆನೆಯುತ್ತಾರೆ, ತುರ್ತು ಪರಿಸ್ಥಿತಿಯ ಚರಿತ್ರೆಕಾರರು ಸೆರೆಮನೆ ದಿನಚರಿಯ ಲೇಖಕಿಯೆಂದು. ಇವೆರಡನ್ನೂ ಬಿಡಿಬಿಡಿಯಾಗಿ ಓದಿದರೆ ಅವರ ಕಲೆಯ ಮೂಲ ಕಾಳಜಿ ಕೈತಪ್ಪಿಹೋಗುತ್ತದೆ. ಮೈಲಿಗೆಯೆಂದೋ ಅಪರಾಧಿಯೆಂದೋ ಸಮಾಜ ದೂರವಿಟ್ಟ ದೇಹಕ್ಕೂ ಘನತೆಯಿದೆ ಎಂಬುದೇ ಆ ಕಾಳಜಿ ಎಂದು ಈ ಲೇಖನ ವಾದಿಸುತ್ತದೆ.

ಅವರ ರಂಗಜೀವನ ಬೇರುಬಿಟ್ಟದ್ದು ಇಂದಿನ ಚೆನ್ನೈ ಆದ ಮದ್ರಾಸಿನಲ್ಲಿ. ‘ಮದ್ರಾಸ್ ಪ್ಲೇಯರ್ಸ್’ ಹವ್ಯಾಸಿ ತಂಡದ ಸ್ಥಾಪಕರಲ್ಲಿ ಅವರೂ ಒಬ್ಬರು. ಇಬ್ಸನ್, ಶೇಕ್ಸ್‌ಪಿಯರ್, ಟೆನೆಸ್ಸೀ ವಿಲಿಯಮ್ಸ್ ಅವರ ನಾಟಕಗಳನ್ನು ಆಡಿದ ಈ ತಂಡದಲ್ಲಿ, ಆಕ್ಸ್‌ಫರ್ಡ್ ಪ್ರೆಸ್ಸಿನ ಮದ್ರಾಸ್ ಕಚೇರಿಯಲ್ಲಿದ್ದ ಗಿರೀಶ ಕಾರ್ನಾಡರೂ ಇದ್ದರು. ‘ಸೀತಾ’ ಎಂಬ ನಾಟಕವನ್ನು ಸ್ನೇಹಲತಾ ಸ್ವತಃ ಬರೆದರು. 1970ರ ‘ಸಂಸ್ಕಾರ’ದ ಹಿಂದೆ ಈ ಒಡನಾಟವಿದೆ: ಪತಿ ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ, ಕಾರ್ನಾಡರ ಚಿತ್ರಕಥೆ. ಮದ್ರಾಸಿನ ಸೆನ್ಸಾರ್ ಮಂಡಳಿ ಚಿತ್ರವನ್ನು ಮೊದಲು ತಡೆಹಿಡಿಯಿತು. ಮುಂದೆ ಅದೇ ಚಿತ್ರಕ್ಕೆ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ ದೊರೆಯಿತು.

ಚಿತ್ರದಲ್ಲಿ, ಬ್ರಾಹ್ಮಣ ಆಚಾರ ತೊರೆದು ಬಾಳಿದ ನಾರಣಪ್ಪನ ಹೆಣ ಬ್ರಾಹ್ಮಣರ ಅಗ್ರಹಾರಕ್ಕೆ ಶಾಸ್ತ್ರದ ಸಮಸ್ಯೆ. ಚಂದ್ರಿಗೆ ಅದು ತನ್ನೊಡನೆ ಬಾಳಿದ ಮನುಷ್ಯನ ದೇಹ. ಸಂಸ್ಕಾರದ ಖರ್ಚಿಗೆಂದು ಅವಳು ಮೈಮೇಲಿನ ಚಿನ್ನ ಬಿಚ್ಚಿಟ್ಟಾಗ ವಾದ ಮಾಡುತ್ತಿದ್ದವರ ಕಣ್ಣು ಚಿನ್ನದ ಮೇಲೆ ಹೋಗುತ್ತದೆ. ಕೊನೆಗೆ ಮುಸ್ಲಿಮನೊಬ್ಬನ ನೆರವಿನಿಂದ ರಾತ್ರೋರಾತ್ರಿ ದಹನ ಮುಗಿಸುವವಳೂ ಅವಳೇ. ಮಾತಿಗಿಂತ ಕೃತಿ ಮುಂದಾದ ಪಾತ್ರವಿದು.

ತುರ್ತು ಪರಿಸ್ಥಿತಿಯ ಕಾಲದಲ್ಲಿ, ಸ್ಫೋಟಕಗಳ ಸಂಚಿನ ಆರೋಪದ ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ 1976ರ ಮೇ ತಿಂಗಳಲ್ಲಿ ಬಂಧಿತರಾದ ಸ್ನೇಹಲತಾ ಅವರನ್ನು ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿಟ್ಟರು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ, ಆದರೂ ಬಿಡುಗಡೆಯಾಗಲಿಲ್ಲ. ತೀವ್ರ ಅಸ್ತಮಾದ ನಡುವೆ ಅವರು ದಿನಚರಿ ಬರೆದರು. ಹೊಸದಾಗಿ ಬಂದ ಹೆಣ್ಣು ಕೈದಿಯನ್ನು ಎಲ್ಲರೆದುರು ಬೆತ್ತಲೆ ಮಾಡುವ ಪದ್ಧತಿಯನ್ನು ಅದರಲ್ಲಿ ದಾಖಲಿಸಿ ಪ್ರತಿಭಟಿಸಿದರು. ಸ್ವಂತ ಸಂಕಟದ ಲೆಕ್ಕದಲ್ಲೇ ಮುಗಿದುಹೋಗಬಹುದಾಗಿದ್ದ ಬರಹ, ಹೆಸರಿಲ್ಲದ ಹೆಂಗಸರ ಪರವಾದ ಸಾಕ್ಷ್ಯವಾಗುವುದು ಇಲ್ಲಿಯೇ. 1977ರ ಜನವರಿ 15ರಂದು ಪೆರೋಲ್ ಮೇಲೆ ಹೊರಬಂದ ಅವರು 20ರಂದು ತೀರಿಕೊಂಡರು. ದಿನಚರಿ ಅದೇ ವರ್ಷ ಪ್ರಕಟವಾಯಿತು.

ಅಗ್ರಹಾರದಲ್ಲಿ ಶಾಸ್ತ್ರ, ಸೆರೆಮನೆಯಲ್ಲಿ ನಿಯಮಾವಳಿ: ಎರಡೂ ಕಡೆ ವಿಧಿಯ ಪಾಲನೆಯೇ ಮನುಷ್ಯರ ಅವಮಾನಕ್ಕೆ ನೆಪವಾಗುತ್ತದೆ. ಚಂದ್ರಿಯ ಮೂಲಕ ನಟಿಯಾಗಿ ತೋರಿಸಿದ್ದನ್ನೇ ಸ್ನೇಹಲತಾ ಲೇಖಕಿಯಾಗಿ ತಮ್ಮ ಹೆಸರಿನಲ್ಲಿ, ತಮ್ಮ ಹೊಣೆಯಲ್ಲಿ ಹೇಳಿದರು. ಆದ್ದರಿಂದ ಆ ದಿನಚರಿಯನ್ನು ಬರಿಯ ರಾಜಕೀಯ ದಾಖಲೆಯೆಂದು ಬದಿಗಿಡದೆ, ನಮ್ಮ ನವ್ಯದ ಚರ್ಚೆಯೊಳಗೆ ‘ಸಂಸ್ಕಾರ’ದ ಜೊತೆಗಿಟ್ಟು ಓದಬೇಕು.