ವಾಲಿಯ ಬೂದಿಯೂ ಶಿಕಾಗೋದ ಗಡಿಯಾರವೂ

ಈ ಸಂಚಿಕೆಗೆ ಚರಿತ್ರೆಯ ಬಗ್ಗೆ ಏನಾದರೂ ಬರೆದುಕೊಡಿ ಎಂದು ಸಂಪಾದಕರು ಕೇಳಿದಾಗ ಮೊದಲು ಹಿಂಜರಿದೆ. ನಾನು ರಸಾಯನಶಾಸ್ತ್ರದವನು. ನಿಜ ಹೇಳಬೇಕೆಂದರೆ, ಹೈಸ್ಕೂಲಿನಲ್ಲಿ ಇಸವಿಗಳನ್ನು ಬಾಯಿಪಾಠ ಮಾಡಲಾರದೆ ವಿಜ್ಞಾನದ ಕಡೆ ಓಡಿಬಂದವನು. ಆದರೆ ಡೆವನ್ ಅವೆನ್ಯೂದಲ್ಲಿ ನಾನೇ ಆಡಿದ ಒಂದು ಮಾತು ನನ್ನನ್ನು ಮತ್ತೆ ಚರಿತ್ರೆಯ ಬಾಗಿಲಿಗೇ ತಂದು ನಿಲ್ಲಿಸಿತು. ಅದನ್ನೇ ಬರೆಯುತ್ತೇನೆ.

ಒಂದು ಶನಿವಾರ ಎಂದಿನಂತೆ ತೊಗರಿಬೇಳೆ, ಕರಿಬೇವು ಕೊಳ್ಳಲು ಹೋಗಿದ್ದೆವು. ಪೂಜಾಸಾಮಾನಿನ ಕಪಾಟಿನಿಂದ ವಿಭೂತಿಗಟ್ಟಿ ತೆಗೆದುಕೊಂಡೆ. "ಇದನ್ನು ಹೇಗೆ ಮಾಡ್ತಾರಪ್ಪಾ?" ಎಂದು ಒಂಬತ್ತು ವರ್ಷದ ಮಗಳು ಕೇಳಿದಳು. ಹಸುವಿನ ಸಗಣಿ ಸುಟ್ಟು ಎಂದೆ. ಅವಳು ಮುಖ ಕಿವುಚಿದಳು. ನನಗೆ ಹುರುಪು ಬಂತು. ನಮ್ಮ ಬಳ್ಳಾರಿ ಸೀಮೆಯಲ್ಲಿ ಸಗಣಿ ಬೂದಿಯ ಗುಡ್ಡೆಗಳೇ ಇವೆ, ಹಂಪಿಯ ಹತ್ತಿರ ನಿಂಬಾಪುರದಲ್ಲಿರುವುದನ್ನು ವಾಲಿಯನ್ನು ಸುಟ್ಟ ಬೂದಿ ಅನ್ನುತ್ತಾರೆ, ಅದೆಲ್ಲ ಸುಳ್ಳು ಎಂದುಬಿಟ್ಟೆ.

ಮರುದಿನ ಊರಿನಿಂದ ನಮ್ಮ ಅವ್ವನ ಫೋನು ಬಂದಾಗ ಮಗಳು ಮೊದಲು ಒಪ್ಪಿಸಿದ ವರದಿ ಇದೇ. ಅವ್ವ ನನ್ನನ್ನು ಕರೆದಳು. "ಏನಪ್ಪಾ, ವಾಲಿ ಬೂದಿ ಸುಳ್ಳಂತೆ? ಸಗಣಿ ಅಂತ ಹೇಳಿದೋರು ಕಣ್ಣಾರೆ ಕಂಡಿದ್ರೇನು?"

ಡಾಕ್ಟರೇಟ್ ಪರೀಕ್ಷೆಯಲ್ಲಿ ಕೂಡ ಯಾರೂ ನನ್ನನ್ನು ಹೀಗೆ ಕಟ್ಟಿಹಾಕಿರಲಿಲ್ಲ. ನಾನೂ ಕಂಡಿರಲಿಲ್ಲ, ಎಲ್ಲೋ ಓದಿದ್ದೆ ಅಷ್ಟೆ. ಹಾಗೆ ನೋಡಿದರೆ ನನ್ನ ಮಾತಿಗೂ ಅವ್ವನ ಮಾತಿಗೂ ಏನು ವ್ಯತ್ಯಾಸ? ಇಬ್ಬರೂ ಕೇಳಿದ್ದನ್ನೇ ಹೇಳುತ್ತಿದ್ದೆವು. ಆ ರಾತ್ರಿಯಿಂದ ಹುಡುಕಿ ಓದಲು ಶುರುಮಾಡಿದೆ.

ಈ ಗುಡ್ಡೆಗಳನ್ನು ನೋಡದವರಿಗೆ ಒಂದು ಮಾತು. ಬಳ್ಳಾರಿಯಿಂದ ಹೊಸಪೇಟೆಗೆ ಹೋಗುವ ದಾರಿಯಲ್ಲಿ ಕುಡತಿನಿಯ ಬಳಿ ಒಂದಿದೆ, ಸಂಗನಕಲ್ಲಿನ ಪಕ್ಕದ ಕುಪ್ಪಗಲ್ಲಿನಲ್ಲಿ ಇನ್ನೊಂದು, ಸುರಪುರ ಸೀಮೆಯಲ್ಲಿ ಹಲವು. ಬರೀ ಮೆತ್ತನೆಯ ಬೂದಿಯಲ್ಲ. ನಡುನಡುವೆ ಕರಗಿ ಗಾಜಿನಂತೆ ಗಟ್ಟಿಯಾದ ಕಿಟ್ಟದ ಪದರಗಳಿವೆ. ಗೊಂದಲವೆಲ್ಲ ಆ ಕಿಟ್ಟದಿಂದಲೇ. ೧೮೩೦–೪೦ರ ದಶಕಗಳಲ್ಲಿ ನ್ಯೂಬೋಲ್ಡ್ ಎಂಬ ಸೇನಾಧಿಕಾರಿ ಇವುಗಳ ಬಗ್ಗೆ ಬರೆದ. ಆಮೇಲೆ ಬಂದವರಲ್ಲಿ ಒಬ್ಬರು ಜ್ವಾಲಾಮುಖಿ ಎಂದರು, ಒಬ್ಬರು ಕುಲುಮೆ ಎಂದರು, ಒಬ್ಬರು ಹೆಣ ಸುಟ್ಟ ಜಾಗ ಎಂದರು. ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಮಾತ್ರ ಇವು ಹಳೆಯ ಶಿಲಾಯುಗದ ನಂತರದ ದನಗಾಹಿಗಳ ಸಗಣಿ ರಾಶಿ ಸುಟ್ಟು ಆದವು ಎಂದ. ಆ ಮಾತನ್ನು ಒಪ್ಪದವರು ಬಹಳ ದಿನ ಇದ್ದರು. ಸಗಣಿ ಎಲ್ಲಾದರೂ ಗಾಜಾಗುತ್ತದೆಯೇ?

ಆಗುತ್ತದೆ. ಇಲ್ಲಿ ನನ್ನ ವಿದ್ಯೆ ಕೆಲಸಕ್ಕೆ ಬಂತು. ಹುಲ್ಲಿನಲ್ಲಿ ಸಿಲಿಕಾ ಇದೆ (ಭತ್ತದ ಹುಲ್ಲು ಕೈ ಕೊಯ್ಯುವುದು ಅದರಿಂದಲೇ), ದನದ ಹೊಟ್ಟೆಯಲ್ಲಿ ಅದು ಜೀರ್ಣವಾಗುವುದಿಲ್ಲ. ಸಗಣಿಯಲ್ಲಿನ ಪೊಟ್ಯಾಸಿಯಂ ಮುಂತಾದ ಕ್ಷಾರಗಳು ಸಿಲಿಕಾ ಕರಗುವ ಉಷ್ಣಮಾನವನ್ನು ಇಳಿಸುತ್ತವೆ. ದೊಡ್ಡ ರಾಶಿಗೆ ಬೆಂಕಿ ಬಿದ್ದು ಒಳಗೆ ಕಾವು ಏರಿದರೆ ಕಿಟ್ಟ ಕಟ್ಟಲೇಬೇಕು. ಝಾಯ್ನರ್ ಎಂಬ ವಿದ್ವಾಂಸರು ೧೯೬೦ರ ಹೊತ್ತಿಗೆ ಬಳ್ಳಾರಿಯ ಕಿಟ್ಟವನ್ನು ಪರೀಕ್ಷಿಸಿ ಸಗಣಿಯೇ ಎಂದು ತೋರಿಸಿದರು. ಅದಕ್ಕೂ ಮುಂಚೆ, ೧೯೫೭ರಲ್ಲಿ, ಈಗ ತೆಲಂಗಾಣದಲ್ಲಿರುವ ಉಟ್ನೂರಿನ ಗುಡ್ಡೆಯನ್ನು ಆಲ್ಚಿನ್ ಅಗೆದಿದ್ದರು. ಅಲ್ಲಿ ದನದ ದೊಡ್ಡಿಯ ಸುತ್ತ ನೆಟ್ಟ ಗೂಟಗಳ ಗುಳಿಗಳೂ, ನೆಲದಲ್ಲಿ ಅಚ್ಚೊತ್ತಿದ ದನಗಳ ಗೊರಸಿನ ಗುರುತುಗಳೂ ಸಿಕ್ಕವು. ಆ ಗೊರಸಿನ ಗುರುತು ನನ್ನನ್ನು ಅಲುಗಿಸಿದಷ್ಟು ಯಾವ ವಿಶ್ಲೇಷಣೆಯ ಪಟ್ಟಿಯೂ ಅಲುಗಿಸಲಿಲ್ಲ.

ಯಾವ ಕಾಲದ್ದು ಎಂಬ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ನಮ್ಮ ಶಿಕಾಗೋದಿಂದ. ಡೆವನ್‌ನಿಂದ ಲೇಕ್ ಶೋರ್ ಡ್ರೈವ್ ಹಿಡಿದು ದಕ್ಷಿಣಕ್ಕೆ ಹೋದರೆ ಹೈಡ್ ಪಾರ್ಕಿನಲ್ಲಿ ಶಿಕಾಗೋ ವಿಶ್ವವಿದ್ಯಾಲಯ. ಅಲ್ಲಿ ರಸಾಯನಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ವಿಲಾರ್ಡ್ ಲಿಬ್ಬಿ, ಆರ್ನಾಲ್ಡ್ ಮತ್ತು ಆಂಡರ್ಸನ್ ಜೊತೆ ಸೇರಿ ಇಂಗಾಲ–೧೪ರ ಗಡಿಯಾರವನ್ನು ಕಂಡುಹಿಡಿದರು. ೧೯೪೯ರಲ್ಲಿ ಪ್ರಕಟಣೆ, ೧೯೬೦ರಲ್ಲಿ ನೊಬೆಲ್ ಬಹುಮಾನ. ಜೀವಂತ ವಸ್ತುವಿನಲ್ಲಿ ಈ ಇಂಗಾಲ ಇದ್ದೇ ಇರುತ್ತದೆ ಎಂದು ಮೊದಲು ತೋರಿಸಿದ್ದು ಬಾಲ್ಟಿಮೋರ್ ನಗರದ ಚರಂಡಿಯ ಅನಿಲದಿಂದ. ಸಗಣಿ ಎಂದು ಮೂಗು ಮುಚ್ಚುವ ನಮ್ಮ ಮಕ್ಕಳಿಗೆ ಇದನ್ನು ಹೇಳಬೇಕು!

ಆದರೆ ಗಡಿಯಾರ ಸರಿಯಾಗಿದೆಯೆಂದು ಗೊತ್ತಾಗುವುದು ಹೇಗೆ? ಲಿಬ್ಬಿ ಇತಿಹಾಸಕಾರರ ಬಳಿಗೇ ಹೋದರು. ವಯಸ್ಸು ಮೊದಲೇ ಗೊತ್ತಿದ್ದ ವಸ್ತುಗಳನ್ನು ಪರೀಕ್ಷಿಸಿದರು. ಅವುಗಳಲ್ಲಿ ಈಜಿಪ್ಟಿನ ದೊರೆ ಸೆಸೋಸ್ಟ್ರಿಸನ ಕಾಲದ ದೋಣಿಯ ಒಂದು ತುಂಡು ಮರವೂ ಇತ್ತು. ಆ ದೋಣಿ ನಮ್ಮ ಫೀಲ್ಡ್ ಮ್ಯೂಸಿಯಂನಲ್ಲೇ ಇದೆ. ಶಾಸನ, ರಾಜರ ಪಟ್ಟಿ ಓದಿದವರು ಹಾಕಿದ್ದ ಲೆಕ್ಕಕ್ಕೆ ಅಳತೆ ತಾಳೆಯಾಯಿತು. ಮುಂದೆ ಮರದ ಉಂಗುರಗಳನ್ನು ಎಣಿಸಿ ನೋಡಿದಾಗ, ವಾತಾವರಣದಲ್ಲಿ ಈ ಇಂಗಾಲ ಎಲ್ಲ ಕಾಲಕ್ಕೂ ಒಂದೇ ಸಮ ಇರಲಿಲ್ಲ ಎಂದು ತಿಳಿದು, ಹಳೆಯ ತಾರೀಖುಗಳನ್ನು ನೂರಾರು ವರ್ಷ ತಿದ್ದಬೇಕಾಯಿತು. ರಸಾಯನಶಾಸ್ತ್ರಜ್ಞನೂ ತಪ್ಪುತ್ತಾನೆ, ತಿದ್ದಿಕೊಳ್ಳುತ್ತಾನೆ. ಬೂದಿಗುಡ್ಡೆಗಳ ಇದ್ದಿಲು ಕೊಟ್ಟ ಕಾಲ ಕ್ರಿ.ಪೂ. ೩೦೦೦ರಿಂದ ೧೨೦೦ರ ಸುಮಾರು.

ಏನು, ಯಾವಾಗ ಎಂಬುದಾಯಿತು. ಏಕೆ ಸುಟ್ಟರು? ಇಲ್ಲಿ ನನ್ನ ಶಾಸ್ತ್ರ ಕೈ ಚೆಲ್ಲುತ್ತದೆ. ಆಲ್ಚಿನ್ ನಮ್ಮ ಹಬ್ಬಗಳನ್ನು ನೆನೆದರು. ಸಂಕ್ರಾಂತಿಯಂಥ ಋತುಹಬ್ಬದ ಬೆಂಕಿ ಇರಬಹುದು ಎಂದರು. ನನ್ನ ಹೆಂಡತಿಯ ತವರು ಮಂಡ್ಯದ ಕಡೆ. ಇದನ್ನು ಓದಿಹೇಳಿದಾಗ ಅವಳು, "ಕಿಚ್ಚು ಹಾಯಿಸೋದು ತಾನೇ, ಅದಕ್ಕೇನು ಅಷ್ಟು ದೊಡ್ಡ ಪುಸ್ತಕ?" ಎಂದಳು. ಪುಣೆಯ ಡೆಕ್ಕನ್ ಕಾಲೇಜಿನ ಪದ್ದಯ್ಯನವರು ೧೯೯೦ರ ದಶಕದಲ್ಲಿ ಸುರಪುರ ಸೀಮೆಯ ಬೂದಿಹಾಳದಲ್ಲಿ ಅಗೆದಾಗ ಗುಡ್ಡೆಯ ಪಕ್ಕದಲ್ಲೇ ಜನ ವಾಸಿಸಿದ ಜಾಗ, ಪ್ರಾಣಿಗಳನ್ನು ಕಡಿದ ನೆಲ ಸಿಕ್ಕವು. ಹಾಗಾದರೆ ಅದು ಊರವರೇ ಸಗಣಿ ಗುಡ್ಡೆಹಾಕಿ ಆಗಾಗ ಸುಟ್ಟದ್ದು. ನನಗೆ ಈ ವಾದವೇ ಹೆಚ್ಚು ಹಿಡಿಸುತ್ತದೆ, ಆದರೂ ಹಬ್ಬದ ಮಾತನ್ನು ಪೂರ್ತಿ ಬಿಡಲು ಮನಸ್ಸಿಲ್ಲ. ಕಸ ಸುಡುವುದಷ್ಟೇ ಆಗಿದ್ದರೆ ತಲೆಮಾರುಗಳ ಕಾಲ ಒಂದೇ ಜಾಗದಲ್ಲಿ ಅಷ್ಟೆತ್ತರ ಏಕೆ?

ಬೂದಿಹಾಳ ಎಂಬ ಹೆಸರನ್ನು ಗಮನಿಸಿ. ಪಂಡಿತರು ಕುಲುಮೆ, ಜ್ವಾಲಾಮುಖಿ ಎಂದು ಜಗಳವಾಡುತ್ತಿದ್ದಾಗ, ಅದು ಬೂದಿ, ಏನೋ ದೊಡ್ಡದು ಉರಿದದ್ದು, ಬಹಳ ಹಿಂದೆ ಎಂಬ ಮೂರು ಸಂಗತಿಗಳು ಹಳ್ಳಿಯವರ ಬಾಯಲ್ಲಿ ಸರಿಯಾಗೇ ಇದ್ದವು. ವಾಲಿ ಬಂದದ್ದು "ಯಾರು" ಎಂಬ ಖಾಲಿ ಜಾಗಕ್ಕೆ. ಅದನ್ನು ಸುಳ್ಳು ಎಂದು ಒಂದೇ ಮಾತಿನಲ್ಲಿ ತಳ್ಳಿದ್ದು ನನ್ನ ತಪ್ಪು. ಅದಕ್ಕಿಂತ ದೊಡ್ಡ ತಪ್ಪು, ಹೇಗೆ ಗೊತ್ತಾಯಿತು ಎಂದು ಹೇಳದೆ ಮಗಳಿಗೆ ತೀರ್ಪು ಮಾತ್ರ ಕೊಟ್ಟದ್ದು. ನನಗೆ ಹೈಸ್ಕೂಲಿನಲ್ಲಿ ಇಸವಿಗಳು ಸಿಕ್ಕಿದ್ದೂ ಹಾಗೆಯೇ.

ಭಾನುವಾರದ ಕನ್ನಡ ತರಗತಿಯಲ್ಲಿ ಈಗ ಬೇರೆ ದಾರಿ ಹಿಡಿದಿದ್ದೇನೆ. ಮೇಜಿನ ಮೇಲೆ ಒಂದು ವಿಭೂತಿಗಟ್ಟಿ, ಗ್ರಿಲ್ಲಿನ ಬೂದಿ, ಒಂದು ಚೂರು ಗಾಜು ಇಡುತ್ತೇನೆ. ವಾಲಿಯ ಕಥೆಯನ್ನು ಪೂರ್ತಿ ಹೇಳುತ್ತೇನೆ. ಆಮೇಲೆ, ನೀವು ಅಲ್ಲಿಗೆ ಹೋದರೆ ಏನು ಹುಡುಕುತ್ತೀರಿ ಎಂದು ಕೇಳುತ್ತೇನೆ. ಒಬ್ಬ ಹುಡುಗ "ಮೂಳೆ" ಎಂದ. ಇನ್ನೊಬ್ಬಳು "ಅಜ್ಜಿಯನ್ನು ಕೇಳ್ತೀನಿ" ಎಂದಳು. ಎರಡೂ ಸರಿ ಎಂದೆ. ಮುಂದಿನ ತಿಂಗಳು ದೋಣಿ ನೋಡಲು ಎಲ್ಲರೂ ಫೀಲ್ಡ್ ಮ್ಯೂಸಿಯಂಗೆ ಹೋಗುವುದೆಂದು ಮಾತಾಗಿದೆ. ಕಾರಿನಲ್ಲಿ ಜಾಗವಿರುವ ತಂದೆತಾಯಿಗಳು ದಯವಿಟ್ಟು ತಿಳಿಸಿ.

ಗೊರಸಿನ ಗುರುತಿನ ವಿಷಯವನ್ನು ಅವ್ವನಿಗೂ ಫೋನಿನಲ್ಲಿ ಹೇಳಿದೆ. ಈ ಸಲ ಸುಮ್ಮನೆ ಕೇಳಿದಳು. ನಮ್ಮೂರ ಹಿಂದೆಯೂ ಒಂದು ಬೂದಿಗುಡ್ಡೆ ಇತ್ತಲ್ಲ, ಅದು ಈಗ ಎಷ್ಟು ಉಳಿದಿದೆ ಎಂದು ಕೇಳಿದೆ.

"ಎಲ್ಲಿ ಉಳಿದೈತಪ್ಪಾ! ಊರೋರೆಲ್ಲ ಗೊಬ್ಬರಕ್ಕೆ ತಗೊಂಡು ಹೋದ್ರು. ನಿಮ್ಮಜ್ಜಾನೇ ವರ್ಷಕ್ಕೆ ನಾಲ್ಕು ಬಂಡಿ ಹೊಡಿಸಿ ಮೆಣಸಿನಕಾಯಿ ಹೊಲಕ್ಕೆ ಹಾಕಿಸ್ತಿದ್ರು. ಬೆಳೆ ಭಾಳ ಚಲೋ ಬರ್ತಿತ್ತು."