ಕಂಪನಿಯ ಬಿಡಾರದಲ್ಲಿ ರೂಪುಗೊಂಡ ಕಂಠ: ಗಾಜನೂರಿನ ಮುತ್ತುರಾಜನ ಬಾಲರಂಗಜೀವನ

ಕನ್ನಡ ವೃತ್ತಿರಂಗಭೂಮಿಯ ಚರಿತ್ರೆಯನ್ನು ಬರೆದ ವಿದ್ವಾಂಸರು ಕಂಪನಿಗಳ ಸ್ಥಾಪನೆ, ಮಾಲೀಕರ ಸಾಹಸ, ನಾಟಕಕರ್ತೃಗಳ ಕೃತಿಗಳು, ಪ್ರಸಿದ್ಧ ನಟನಟಿಯರ ಪಾತ್ರನಿರ್ವಹಣೆ ಇವುಗಳನ್ನು ಕುರಿತು ಸಾಕಷ್ಟು ಶ್ರಮಿಸಿದ್ದಾರೆ. ಆದರೆ ಆ ಕಂಪನಿಗಳ ಬಿಡಾರದಲ್ಲಿಯೇ ಹುಟ್ಟಿಯೋ, ಬಡತನದ ದೆಸೆಯಿಂದ ಬಿಡಾರವನ್ನು ಬಂದು ಸೇರಿಯೋ, ಅಕ್ಷರಾಭ್ಯಾಸ ಪೂರ್ಣವಾಗುವ ಮೊದಲೇ ಮುಖಕ್ಕೆ ಬಣ್ಣ ಹಚ್ಚಿಕೊಂಡ ಬಾಲಕರ ವಿಚಾರ ಬಂದಾಗ, ಹುಟ್ಟುಪ್ರತಿಭೆಯೆಂಬ ಒಂದು ಪ್ರಶಂಸೆಯ ಮಾತಿನಲ್ಲಿಯೇ ವಿವೇಚನೆ ಮುಗಿದುಹೋಗುವುದುಂಟು. ಮುಂದೆ ರಾಜ್‌ಕುಮಾರ್ ಎಂಬ ಹೆಸರಿನಿಂದ ಲೋಕವಿಖ್ಯಾತರಾದ ಗಾಜನೂರಿನ ಮುತ್ತುರಾಜನ ಬಾಲ್ಯದ ರಂಗಜೀವನವನ್ನು ಆಧಾರವಾಗಿ ಇಟ್ಟುಕೊಂಡು ನೋಡುವಲ್ಲಿ ನನಗೆ ತೋರುವುದು ಇಷ್ಟು: ಬಾಲನಟನ ನಿಜವಾದ ವಿದ್ಯಾಭ್ಯಾಸವು ಅವನು ರಂಗದ ಮೇಲೆ ಬೆಳಗಿದ ಘಳಿಗೆಗಳಿಗಿಂತ ಹೆಚ್ಚಾಗಿ, ಪರದೆಯ ಮರೆಯಲ್ಲಿ ಕುಳಿತು ಹಿರಿಯರ ಕಂಠವನ್ನು ಕೇಳಿದ ದೀರ್ಘವಾದ ವರ್ಷಗಳಲ್ಲಿ ನಡೆಯುತ್ತಿದ್ದಿತು, ಆ ವರ್ಷಗಳನ್ನು ಲೆಕ್ಕಕ್ಕೆ ಹಿಡಿಯದೆ ಆತನ ಮುಂದಿನ ಸಿದ್ಧಿಯನ್ನು ವಿವರಿಸಲಾಗದು.

ಮೊದಲು ಸೀಮೆಯ ವಿಚಾರ. ಹೊಸೂರು, ಡೆಂಕಣಿಕೋಟೆ, ತಳಿ, ಅಂಚೆಟ್ಟಿಗಳ ಕಡೆಯಿಂದ ನೋಡುವವರಿಗೆ ಗಾಜನೂರು ಪರಸ್ಥಳವೆನಿಸುವುದಿಲ್ಲ. ಹಿಂದಿನ ಮದ್ರಾಸ್ ಆಧಿಪತ್ಯದಲ್ಲಿ ಹೊಸೂರು ಸೇಲಂ ಜಿಲ್ಲೆಗೂ, ತಾಳವಾಡಿಯ ಪ್ರದೇಶ ಹಾಗೂ ಕೊಳ್ಳೇಗಾಲ ಕೊಯಮತ್ತೂರು ಜಿಲ್ಲೆಗೂ ಸೇರಿದ್ದುವು. 1956ರ ರಾಜ್ಯಪುನರ್ವಿಂಗಡಣೆಯಲ್ಲಿ ಕೊಳ್ಳೇಗಾಲವು ಮೈಸೂರು ರಾಜ್ಯಕ್ಕೆ ಬಂದಿತು. ತಾಳವಾಡಿಯೂ ಹೊಸೂರೂ ಮದ್ರಾಸ್ ರಾಜ್ಯದಲ್ಲಿಯೇ, ಅಂದರೆ ಇಂದಿನ ತಮಿಳುನಾಡಿನಲ್ಲಿಯೇ, ಉಳಿದುವು. ಇಂದು ತಾಳವಾಡಿ ಈರೋಡು ಜಿಲ್ಲೆಗೂ, ಹೊಸೂರು 2004ರಲ್ಲಿ ರಚಿತವಾದ ಕೃಷ್ಣಗಿರಿ ಜಿಲ್ಲೆಗೂ ಸೇರಿದ್ದರೂ, ಮನೆಯಲ್ಲಿ ಒಂದು ನುಡಿ, ಸಂತೆಯಲ್ಲಿ ಮತ್ತೊಂದು, ಕಚೇರಿಯಲ್ಲಿ ಮಗುದೊಂದು ಎಂಬ ಬಾಳಿನ ರೀತಿ ಎರಡೆಡೆಯಲ್ಲಿಯೂ ಒಂದೇ. ಮಗುವಿಗೆ ಮುತ್ತುರಾಜನೆಂಬ ಹೆಸರನ್ನು ಕೊಟ್ಟ ದೈವವು ಮುತ್ತತ್ತಿಯ ಆಂಜನೇಯ. ಆ ಮುತ್ತತ್ತಿಯನ್ನು ಬಳಸಿ ಹರಿಯುವ ಕಾವೇರಿಯೇ ಸಂಗಮ ಮೇಕೆದಾಟುಗಳನ್ನು ದಾಟಿ, ಬಿಳಿಗುಂಡ್ಲುವಿನ ಬಳಿ ನಮ್ಮ ಅಂಚೆಟ್ಟಿಯ ಕಾಡಿನ ಅಂಚನ್ನು ಮುಟ್ಟಿ, ಹೊಗೇನಕಲ್ಲಿಗೆ ಇಳಿಯುತ್ತದೆ. ಇರುಳಿಡೀ ಹಾಡಿನಲ್ಲಿಯೇ ಕಥೆ ನಡೆಸುವ ಬಯಲಾಟ, ತೆರುಕೂತ್ತುಗಳನ್ನು ನೋಡಿ ಬೆಳೆದ ಈ ಗಡಿಸೀಮೆಯ ಜನಕ್ಕೆ, ಗದ್ಯಕ್ಕಿಂತ ಮೊದಲು ಗೇಯವೇ ನಾಟಕವೆಂದು ತೋರುತ್ತಿದ್ದುದರಲ್ಲಿ ಆಶ್ಚರ್ಯವಿಲ್ಲ.

ಮುತ್ತುರಾಜನು 1929ರ ಏಪ್ರಿಲ್ 24ರಂದು ಜನಿಸಿದನು. ತಂದೆ ಸಿಂಗಾನಲ್ಲೂರಿನ ಪುಟ್ಟಸ್ವಾಮಯ್ಯನವರು, ತಾಯಿ ಲಕ್ಷ್ಮಮ್ಮನವರು. ಪುಟ್ಟಸ್ವಾಮಯ್ಯನವರು ವೃತ್ತಿಯಿಂದ ನಟರು. ಹಿರಣ್ಯಕಶಿಪು, ಕಂಸ, ರಾವಣ ಮೊದಲಾದ ಉದ್ಧತ ಪಾತ್ರಗಳಲ್ಲಿ ಹೆಸರಾದವರು. ಮನೆಯಲ್ಲಿ ದಾರಿದ್ರ್ಯವಿದ್ದಿತು, ಬಾಲಕನ ಶಾಲೆಯ ಓದು ಪ್ರಾಥಮಿಕ ತರಗತಿಗಳಲ್ಲಿಯೇ ನಿಂತಿತು. ಎಂಟು ವರ್ಷದ ಪ್ರಾಯದಲ್ಲಿ ಆತನು ತಂದೆ ದುಡಿಯುತ್ತಿದ್ದ ಗುಬ್ಬಿ ಕಂಪನಿಯನ್ನು ಸೇರಿದನು. ಶಾಲೆ ತಪ್ಪಿದ ಹುಡುಗನಿಗೆ ಕಂಪನಿಯೇ ಶಾಲೆಯಾಯಿತೆಂದು ಹೇಳುವುದು ರೂಢಿಯಾದರೂ, ಅದು ಯಾವ ಬಗೆಯ ಶಾಲೆ, ಅಲ್ಲಿಯ ಪಾಠಕ್ರಮವೇನು ಎಂಬುದನ್ನು ವಿವರವಾಗಿ ನೋಡಬೇಕಾಗಿದೆ.

ತುಮಕೂರು ಸೀಮೆಯ ಗುಬ್ಬಿಯಲ್ಲಿ 1884ರಲ್ಲಿ ಪ್ರಾರಂಭವಾದ ಶ್ರೀ ಚನ್ನಬಸವೇಶ್ವರ ಕೃಪಾಪೋಷಿತ ನಾಟಕ ಸಂಘವು ಮುತ್ತುರಾಜನ ಕಾಲಕ್ಕೆ ಗುಬ್ಬಿ ವೀರಣ್ಣನವರ ಯಜಮಾನಿಕೆಯಲ್ಲಿ ಕನ್ನಡನಾಡಿನ ಅಗ್ರಗಣ್ಯ ಸಂಸ್ಥೆಯಾಗಿದ್ದಿತು. ವೀರಣ್ಣನವರು ತಾವೇ ಎಳೆಯ ವಯಸ್ಸಿನಲ್ಲಿ ಬಾಲನಟರಾಗಿ ಕಂಪನಿಯನ್ನು ಹೊಕ್ಕು, ಹಾಸ್ಯಪಾತ್ರಗಳಲ್ಲಿ ಕೀರ್ತಿಯನ್ನು ಗಳಿಸಿ, ಕಡೆಗೆ ಅದರ ಒಡೆಯರಾದವರೆಂಬುದನ್ನು ಇಲ್ಲಿ ನೆನೆಯಬೇಕು. ‘ಕುರುಕ್ಷೇತ್ರ’ ನಾಟಕದಲ್ಲಿ ಆನೆ ಕುದುರೆಗಳನ್ನೇ ರಂಗಕ್ಕೆ ತಂದ ಆ ವೈಭವವನ್ನು ಹಿರಿಯರು ಬಹುಕಾಲ ಕೊಂಡಾಡುತ್ತಿದ್ದರು. ಆದರೆ ನಮ್ಮ ಪ್ರಕೃತ ವಿಷಯಕ್ಕೆ ಆನೆಗಿಂತ ಹಾರ್ಮೋನಿಯಂ ಮುಖ್ಯವಾದುದು. ಬೆಳಗಿನ ಸಾಧಕದಲ್ಲಿ ಶ್ರುತಿ ಹಿಡಿಸುವವರು ಹಾರ್ಮೋನಿಯಂ ಮೇಷ್ಟರು. ಮಟ್ಟನ್ನು ಬಾಯಿಂದ ಬಾಯಿಗೆ ಕಲಿಸುವವರೂ ಅವರೇ. ತಾಲೀಮಿನಲ್ಲಿ ಪಾರ್ಟನ್ನು ಹೇಳಿಕೊಡುವಾಗ ಹುಡುಗನ ಕೈಯಲ್ಲಿ ಪುಸ್ತಕವಿರಬೇಕಾದ ನಿರ್ಬಂಧವಿರಲಿಲ್ಲ. ಹೇಳಿದುದನ್ನು ಹಿಂದಿರುಗಿ ಹೇಳಿ, ಹ್ರಸ್ವದೀರ್ಘ, ಅಲ್ಪಪ್ರಾಣ ಮಹಾಪ್ರಾಣಗಳು ತಪ್ಪಿದರೆ ಮತ್ತೆ ಹೇಳಿ, ಕಂದವೃತ್ತಗಳನ್ನು ಯತಿಸ್ಥಾನವರಿತು ಬಿಡಿಸಿ ಹಾಡಿ, ಮಾತು ನಾಲಗೆಯ ಮೇಲೆ ತಾನಾಗಿ ಆಡುವವರೆಗೆ ಪಾಠ ನಡೆಯುತ್ತಿದ್ದಿತು. ಧ್ವನಿವರ್ಧಕವಿಲ್ಲದ ರಂಗದಲ್ಲಿ ಕಟ್ಟಕಡೆಯ ಬೆಂಚಿನವನಿಗೂ ಅಕ್ಷರಾಕ್ಷರವಾಗಿ ಕೇಳಿಸಬೇಕೆಂಬುದೊಂದೇ ಪರೀಕ್ಷೆ. ಇಂಥ ಶಿಕ್ಷಣದ ಫಲವನ್ನು ನಾವು ಮುಂದೆ ತೆರೆಯ ಮೇಲೆ ರಾಜ್‌ಕುಮಾರರ ನಿರ್ದುಷ್ಟವಾದ ಉಚ್ಚಾರಣೆಯಲ್ಲಿ ಕಂಡೆವು. ಪ್ರಾಥಮಿಕ ಶಾಲೆಯನ್ನೂ ಮುಗಿಸದವರು ಸಂಸ್ಕೃತಭೂಯಿಷ್ಠವಾದ ಪೌರಾಣಿಕ ಸಂಭಾಷಣೆಗಳನ್ನು ಪಂಡಿತರೂ ತಲೆದೂಗುವಂತೆ ನುಡಿದುದಕ್ಕೆ ಪವಾಡದ ವಿವರಣೆ ಬೇಕಿಲ್ಲ. ಕಂಪನಿಯ ತಾಲೀಮೇ ಸಾಕಾದ ವಿವರಣೆ.

ಕಂಪನಿ ನಾಟಕಗಳಲ್ಲಿ ಬಾಲಪಾತ್ರದ ಸ್ಥಾನವೆಂಥದೆಂಬುದು ವಿಶೇಷ ವಿಚಾರಕ್ಕೆ ಅರ್ಹವಾಗಿದೆ. ಪ್ರಹ್ಲಾದ, ಧ್ರುವ, ಮಾರ್ಕಂಡೇಯ, ಲೋಹಿತಾಶ್ವ, ಬಾಲಕೃಷ್ಣ: ಇವರಲ್ಲಿ ಯಾರನ್ನೂ ನಾಟಕದ ಅಲಂಕಾರಕ್ಕಾಗಿ ತಂದ ಮಕ್ಕಳೆಂದು ಹೇಳಬರುವುದಿಲ್ಲ, ಕಥೆಯ ಭಾರವೆಲ್ಲವೂ ಅವರ ಹೆಗಲ ಮೇಲೆ ನಿಂತಿದೆ. ಅದರಲ್ಲಿಯೂ ಪ್ರಹ್ಲಾದನ ನಾಟಕದ ರಚನೆಯನ್ನು ಗಮನಿಸಿದರೆ, ಅದು ಎರಡು ಕಂಠಗಳ ಸಂಘರ್ಷವೆಂದೇ ತೋರುತ್ತದೆ. ಒಂದು ಕಡೆ ತಂದೆಯ ಆರ್ಭಟ; ಗದೆಯ ಹೆಜ್ಜೆಗೆ ಸರಿಯಾಗಿ ಬಂದೆರಗುವ ವೀರರೌದ್ರದ ಗದ್ಯ, ನಡುನಡುವೆ ಏರುಸ್ಥಾಯಿಯ ವೃತ್ತಗಳು. ಮತ್ತೊಂದು ಕಡೆ ಆ ಆರ್ಭಟಕ್ಕೆ ಅಂಜದೆ, ಎದುರು ಕೂಗದೆ, ತಾರಸ್ಥಾಯಿಯಲ್ಲಿ ನಿಂತು ಹರಿನಾಮವನ್ನು ಹಾಡುವ ಎಳೆಯ ಕೊರಳು. ವಾದದಿಂದ ಸಾಧಿಸಲಾಗದುದನ್ನು ಗಾನವು ಸಾಧಿಸುತ್ತದೆ ಎಂಬ ಭಕ್ತಿಸಿದ್ಧಾಂತವನ್ನು ಪ್ರೇಕ್ಷಕರಿಗೆ ಪ್ರತ್ಯಕ್ಷವಾಗಿ ಕಾಣಿಸುತ್ತಿದ್ದವನು ಆ ಹುಡುಗ. ಆತನ ಶ್ರುತಿ ಸ್ವಲ್ಪ ಕದಲಿದರೂ ನಾಟಕದ ತಾತ್ಪರ್ಯವೇ ಕದಲುವುದು. ಹಾಡು ಮುಗಿದೊಡನೆ ಸಭೆಯಿಂದ ‘ಒನ್ಸ್ ಮೋರ್’ ಎಂಬ ಕೂಗು ಎದ್ದರೆ, ಕಂಬದ ಮುಂದೆ ನಿಂತ ಪ್ರಹ್ಲಾದನು ಕಥೆಯನ್ನು ತಡೆಹಿಡಿದು ಮತ್ತೊಮ್ಮೆ ಹಾಡಬೇಕಾಗುತ್ತಿದ್ದಿತು. ಈ ಪದ್ಧತಿಯನ್ನು ಅನೌಚಿತ್ಯವೆಂದು ಜರೆದ ವಿಮರ್ಶಕರುಂಟು, ಆದರೆ ಹುಡುಗನ ಕಂಠಕ್ಕೆ ದೊರೆಯುತ್ತಿದ್ದ ವ್ಯಾಯಾಮವೂ ಆತ್ಮವಿಶ್ವಾಸವೂ ಅದರಿಂದಲೇ ಬಂದುವೆಂಬುದನ್ನು ಅವರು ಗಣಿಸಲಿಲ್ಲವೆಂದು ನನ್ನ ಅಭಿಪ್ರಾಯ.

ಈ ಪಾತ್ರಗಳಿಂದಲೇ ಬದುಕನ್ನು ಆರಂಭಿಸಿದ ಮತ್ತೊಬ್ಬರೆಂದರೆ ತಿಪಟೂರಿನಲ್ಲಿ 1923ರಲ್ಲಿ ಜನಿಸಿದ ನರಸಿಂಹರಾಜು. ನಾಲ್ಕರ ವಯಸ್ಸಿನಲ್ಲಿ ಮಲ್ಲಪ್ಪನವರ ಚಂದ್ರಮೌಳೇಶ್ವರ ಕಂಪನಿಯನ್ನು ಸೇರಿ, ಪ್ರಹ್ಲಾದ, ಲೋಹಿತಾಶ್ವ, ಕೃಷ್ಣ, ಮಾರ್ಕಂಡೇಯ ಮೊದಲಾದ ಬಾಲಪಾತ್ರಗಳನ್ನೆಲ್ಲ ನಿರ್ವಹಿಸಿದ ಅವರನ್ನು ನಾಡು ಹಾಸ್ಯಚಕ್ರವರ್ತಿಯೆಂದು ಮಾತ್ರ ನೆನೆಯುತ್ತದೆ. ಅವರ ಹಾಸ್ಯದಲ್ಲಿ ಮಾತಿನ ಕಾಲಗತಿ ಎಂದೂ ತಪ್ಪದಿರುವುದು, ಹಾಡುವ ಹುಡುಗನಾಗಿ ತಾಳದ ಜೊತೆ ಬೆಳೆದುದರ ಪರಿಣಾಮವಲ್ಲವೇ?

ನೆರೆಯ ತಮಿಳು ರಂಗಭೂಮಿಯೊಡನೆ ಹೋಲಿಸಿದಾಗ ಕನ್ನಡದ ಕ್ರಮದ ವೈಶಿಷ್ಟ್ಯವು ಸ್ಪಷ್ಟವಾಗುತ್ತದೆ. ಅಲ್ಲಿ ಶಂಕರದಾಸ ಸ್ವಾಮಿಗಳು 1918ರಲ್ಲಿ ಮಧುರೆಯಲ್ಲಿ ತತ್ತ್ವಮೀನಲೋಚನಿ ವಿದ್ವದ್ಬಾಲಸಭೆಯನ್ನು ಸ್ಥಾಪಿಸಿ, ಟಿ.ಕೆ.ಎಸ್. ಸಹೋದರರೇ ಮೊದಲಾದ ಹುಡುಗರನ್ನು ತರಬೇತುಗೊಳಿಸಿದರು. ಮಧುರೈ ಒರಿಜಿನಲ್ ಬಾಯ್ಸ್ ಕಂಪನಿಯಲ್ಲಿ ಎಂ.ಜಿ. ರಾಮಚಂದ್ರನ್ ಬಾಲಕನಾಗಿ ವೇಷ ಕಟ್ಟಿದರು. ಈ ಬಾಲಕಂಪನಿಗಳಲ್ಲಿ ರಾಜನೂ ಹುಡುಗನೇ, ರಾಣಿಯೂ ಹುಡುಗನೇ, ಮುದುಕನೂ ಹುಡುಗನೇ. ಶಿಸ್ತು ಉಗ್ರವಾಗಿದ್ದಿತು, ಕಂಠಪಾಠ ಅಗಾಧವಾಗಿದ್ದಿತು. ಆದರೆ ಕೊರಳು ಒಡೆಯುವ ವಯಸ್ಸು ಬಂದೊಡನೆ ಹುಡುಗನ ಸ್ಥಾನವೇ ಅಲುಗಾಡುತ್ತಿದ್ದಿತು. ಗುಬ್ಬಿಯಂಥ ಕಂಪನಿಯ ವ್ಯವಸ್ಥೆ ಬೇರೆ. ಅಲ್ಲಿ ಪ್ರೌಢನಟರೂ ನಟಿಯರೂ ತಮ್ಮ ತಮ್ಮ ಪಾತ್ರಗಳನ್ನು ವಹಿಸುತ್ತಿದ್ದರು. ಬಾಲಕನಿಗೆ ಬಾಲಪಾರ್ಟು, ಅದಿಲ್ಲದ ದಿನ ಸಖಿಯರ ಗುಂಪಿನಲ್ಲಿಯೋ ಸೇವಕರ ಸಾಲಿನಲ್ಲಿಯೋ ಒಂದು ಎಡೆ. ತತ್ಕಾಲಕ್ಕೆ ಹಾಡುವ ಅವಕಾಶ ಕಡಿಮೆಯಾದರೂ, ಪಕ್ವವಾದ ಕಂಠಗಳ ನಡುವೆ ಬೆಳೆಯುವ ಲಾಭವು ಆತನಿಗಿದ್ದಿತು. ಎಂಟರ ವಯಸ್ಸಿನಲ್ಲಿ ಪ್ರಹ್ಲಾದನ ಹಾಡನ್ನು ಕಲಿಯುವವನು ಇರುಳು ಇರುಳೂ ಹಿರಣ್ಯಕಶಿಪುವಿನ ಮಾತನ್ನು ಕೇಳುತ್ತ, ಮುಂದೊಮ್ಮೆ ತನಗೆ ಬೇಕಾಗುವ ಪಾತ್ರವನ್ನು ಅರಿಯದಂತೆಯೇ ಸಂಗ್ರಹಿಸಿಕೊಳ್ಳುತ್ತಿದ್ದನು. ಮುತ್ತುರಾಜನಿಗಾದರೋ ಆ ಹಿರಣ್ಯಕಶಿಪುವು ಹೆತ್ತ ತಂದೆಯೇ ಆಗಿದ್ದುದರಿಂದ, ರಂಗದ ಮೇಲಿನ ಗುರುವೂ ಬಿಡಾರದ ಗುರುವೂ ಒಬ್ಬನೇ ಆದನು.

ಮುತ್ತುರಾಜನು ಬಾಲ್ಯದಲ್ಲಿಯೇ ಕೀರ್ತಿಶಿಖರವನ್ನೇರಿದ ಬಾಲನಟನಲ್ಲ. ಆತನ ಅಭಿಮಾನಿಗಳಿಗೆ ಇದು ಅಪ್ರಿಯವೆನಿಸಿದರೂ ಸತ್ಯವನ್ನು ಹೇಳಲೇಬೇಕು. ಮರಾಠಿ ರಂಗಭೂಮಿಯಲ್ಲಿ ನಾರಾಯಣ ಶ್ರೀಪಾದ ರಾಜಹಂಸನ ಎಳೆಯ ಕಂಠವನ್ನು ಕೇಳಿ ಲೋಕಮಾನ್ಯ ತಿಲಕರು ಬಾಲಗಂಧರ್ವನೆಂದು ಕರೆದರೆಂಬ ಪ್ರಸಿದ್ಧಿಯಂಥದು ಯಾವುದೂ ಇಲ್ಲಿಲ್ಲ. 1942ರ ‘ಭಕ್ತ ಪ್ರಹ್ಲಾದ’ ಚಲನಚಿತ್ರದಲ್ಲಿ ಒಂದು ಚಿಕ್ಕ ಪಾತ್ರ. ಹತ್ತು ವರ್ಷಗಳ ತರುವಾಯ 1952ರ ‘ಶ್ರೀ ಶ್ರೀನಿವಾಸ ಕಲ್ಯಾಣ’ದಲ್ಲಿ ಸಪ್ತರ್ಷಿಗಳಲ್ಲಿ ಒಬ್ಬನಾಗಿ ಮತ್ತೊಂದು. ಈ ಎರಡರ ನಡುವಣ ಕಾಲವೆಲ್ಲವೂ ರಂಗದ ದುಡಿಮೆ. ಗುಬ್ಬಿ ಕಂಪನಿಯಲ್ಲಿ, ಸುಬ್ಬಯ್ಯನಾಯ್ಡು ಅವರ ಕಂಪನಿಯಲ್ಲಿ, ತಮ್ಮ ವರದರಾಜನೊಡನೆ, ಒಂದು ಮೊಕ್ಕಾಮಿನಿಂದ ಇನ್ನೊಂದಕ್ಕೆ ಪರದೆ ಪೆಟ್ಟಿಗೆಗಳೊಡನೆ ಸಾಗಿದ ಬದುಕು. 1951ರಲ್ಲಿ ತಂದೆ ತೀರಿಕೊಂಡರು. ಎಂಟನೆಯ ವಯಸ್ಸಿಗೆ ಕಂಪನಿ ಸೇರಿದವನು ಇಪ್ಪತ್ತೈದನೆಯ ವಯಸ್ಸಿನವರೆಗೆ, ಅಂದರೆ ಸುಮಾರು ಹದಿನೇಳು ವರ್ಷ, ಹೊರನಾಡಿಗೆ ಹೆಸರಿಲ್ಲದೆ ದುಡಿದನು. ಕೊರಳು ಒಡೆದು, ಬಾಲಪಾರ್ಟಿಗೆ ಸಲ್ಲದೆ, ನಾಯಕನ ಪಾರ್ಟಿಗೂ ಇನ್ನೂ ಒದಗದೆ ಇರುವ ಆ ಸಂಧಿಕಾಲದಲ್ಲಿಯೇ ಎಷ್ಟೋ ಬಾಲನಟರು ರಂಗವನ್ನು ಬಿಟ್ಟುಹೋದರು. ತಂದೆಯ ಅನ್ನವೂ ಮಗನ ಅನ್ನವೂ ಒಂದೇ ಬಿಡಾರದಲ್ಲಿ ಬೇಯುತ್ತಿದ್ದುದರಿಂದ ಈತನು ಉಳಿದನು. ಕಲೆಯ ಇತಿಹಾಸದಲ್ಲಿ ಇಂಥ ಐಹಿಕ ಕಾರಣಗಳನ್ನು ಗೌಣವೆಂದು ತಳ್ಳಬಾರದು.

ಅದೇ ಗುಬ್ಬಿ ಕಂಪನಿಯ ಅನ್ನವನ್ನುಂಡು ಬೇರೆ ಬೇರೆ ದಾರಿ ಹಿಡಿದ ಹುಡುಗರೂ ಉಂಟು. ನಂಜನಗೂಡಿನ ಕಡೆಯಿಂದ ಎಂಟರ ವಯಸ್ಸಿನಲ್ಲಿ ಬಂದು ಸೇರಿದ ಜಿ.ವಿ. ಅಯ್ಯರ್ ಗೀತಕಾರರಾಗಿ, ನಿರ್ದೇಶಕರಾಗಿ, 1975ರಲ್ಲಿ ‘ಹಂಸಗೀತೆ’ಯನ್ನೂ, 1983ರಲ್ಲಿ ಸಂಸ್ಕೃತದ ಮೊದಲ ಚಲನಚಿತ್ರವಾದ ‘ಆದಿ ಶಂಕರಾಚಾರ್ಯ’ವನ್ನೂ ಕೊಟ್ಟರು. ಮುತ್ತುರಾಜನು ಹುಟ್ಟಿದ 1929ರಲ್ಲಿಯೇ ಬಂಟ್ವಾಳದ ಬಳಿಯ ಮಂಚಿಯಲ್ಲಿ ಹುಟ್ಟಿದ ಬಿ.ವಿ. ಕಾರಂತರು ಮನೆಬಿಟ್ಟು ಓಡಿಬಂದು ಗುಬ್ಬಿ ಕಂಪನಿಯನ್ನು ಸೇರಿದರು. ವೀರಣ್ಣನವರೇ ಅವರನ್ನು ವ್ಯಾಸಂಗಕ್ಕಾಗಿ ಕಾಶಿಗೆ ಕಳುಹಿಸಿಕೊಟ್ಟರು. ಮುಂದೆ ಹೊಸ ರಂಗಭೂಮಿಯು ಕಂಪನಿಯ ಹಾಡನ್ನು ಹಳತೆಂದು ಬದಿಗಿಡಲು ಹೊರಟಾಗ, ರಂಗಸಂಗೀತಕ್ಕೆ ಮರಳಿ ಪ್ರಾಣಪ್ರತಿಷ್ಠೆ ಮಾಡಿದವರು ಈ ಕಾರಂತರೇ.

1954ರ ‘ಬೇಡರ ಕಣ್ಣಪ್ಪ’ದಲ್ಲಿ ಎಚ್.ಎಲ್.ಎನ್. ಸಿಂಹರು ಮುತ್ತುರಾಜನಿಗೆ ರಾಜ್‌ಕುಮಾರನೆಂದು ಹೆಸರಿಟ್ಟು ನಾಯಕಪಾತ್ರವನ್ನು ಕೊಟ್ಟರು. ನರಸಿಂಹರಾಜು, ಜಿ.ವಿ. ಅಯ್ಯರ್ ಇಬ್ಬರೂ ಅದೇ ಚಿತ್ರದಲ್ಲಿದ್ದರು. ಕಂಪನಿಯ ಬಾಲಕರೇ ಬೆಳೆದು ಒಂದೆಡೆ ಕೂಡಿದಂತಾಯಿತು. ಆದರೆ ಚಲನಚಿತ್ರದ ಕ್ರಮದಲ್ಲಿ ನಟನೊಬ್ಬ, ಗಾಯಕನೊಬ್ಬ. ಮುಖ್ಯವಾಗಿ ಕಂಠದಿಂದಲೇ ಶಿಕ್ಷಿತನಾದ ನಟನು ಅನ್ಯರ ಕಂಠಕ್ಕೆ ತುಟಿಯಾಡಿಸಬೇಕಾಗಿ ಬಂದುದು ವಿಧಿಯ ವಿಪರ್ಯಾಸ. ‘ಓಹಿಲೇಶ್ವರ’, ‘ಮಹಿಷಾಸುರ ಮರ್ದಿನಿ’ ಚಿತ್ರಗಳಲ್ಲಿ ಅವರು ಹಾಡಿದುದುಂಟಾದರೂ, 1974ರ ‘ಸಂಪತ್ತಿಗೆ ಸವಾಲ್’ ಚಿತ್ರದವರೆಗೆ, ಅಂದರೆ ಇಪ್ಪತ್ತು ವರ್ಷಗಳ ಕಾಲ, ಅವರ ಗಾನ ಬಹುಮಟ್ಟಿಗೆ ಮೌನವಾಗಿಯೇ ಇದ್ದಿತು. ಅಲ್ಲಿಂದ ಮುಂದೆ ತಮ್ಮ ಪಾತ್ರಗಳಿಗೆ ತಾವೇ ಹಾಡತೊಡಗಿ, ‘ಜೀವನ ಚೈತ್ರ’ ಚಿತ್ರದ ಗಾಯನಕ್ಕಾಗಿ 1992ರ ಸಾಲಿನ ರಾಷ್ಟ್ರಪ್ರಶಸ್ತಿಯನ್ನು ಪಡೆದರು. ನಟರೊಬ್ಬರು ನಡುವಯಸ್ಸಿನಲ್ಲಿ ಹೊಸದಾಗಿ ಸಂಗೀತ ಕಲಿತು ಹಾಡಿದರೆಂದು ಇದನ್ನು ಬಗೆದವರು, ಹಾರ್ಮೋನಿಯಂ ಮೇಷ್ಟರ ಮುಂದೆ ಕುಳಿತಿದ್ದ ಹುಡುಗನನ್ನು ಮರೆತಿದ್ದಾರೆ.

1983ರ ‘ಭಕ್ತ ಪ್ರಹ್ಲಾದ’ದಲ್ಲಿ ರಾಜ್‌ಕುಮಾರರು ತಮ್ಮ ತಂದೆಗೆ ಹೆಸರು ತಂದಿದ್ದ ಹಿರಣ್ಯಕಶಿಪುವಿನ ಪಾತ್ರವನ್ನು ವಹಿಸಿದರು, ಪ್ರಹ್ಲಾದನಾದವನು ಅವರ ಕಿರಿಯ ಮಗ ಲೋಹಿತ್, ಮುಂದಿನ ಪುನೀತ್. 1975ರಲ್ಲಿ ಜನಿಸಿದ ಈ ಬಾಲಕನು ಯಾವ ಕಂಪನಿಯ ಬಿಡಾರವನ್ನೂ ಕಂಡವನಲ್ಲ. ಆತನ ಪಾಲಿಗೆ ಪರದೆ ಏರುವ ಘಂಟೆಯೂ ಇರಲಿಲ್ಲ, ಮೊಕ್ಕಾಮೂ ಇರಲಿಲ್ಲ. ಆದರೂ 1985ರ ‘ಬೆಟ್ಟದ ಹೂವು’ ಚಿತ್ರದ ಅಭಿನಯಕ್ಕಾಗಿ ಶ್ರೇಷ್ಠ ಬಾಲನಟನೆಂಬ ರಾಷ್ಟ್ರಪ್ರಶಸ್ತಿಯನ್ನು ಪಡೆಯುವ ಮೊದಲೇ, 1981ರ ‘ಭಾಗ್ಯವಂತ’ದಿಂದ ಮೊದಲುಗೊಂಡು, ಆತನು ತನ್ನ ಪಾತ್ರದ ಹಾಡನ್ನು ತನ್ನ ಕೊರಳಿನಿಂದಲೇ ಹಾಡುತ್ತಿದ್ದನು. ಹಿನ್ನೆಲೆಗಾಯಕರಿಗೆ ಕೊರತೆಯೇ ಇಲ್ಲದ ಕಾಲದಲ್ಲಿ, ಹುಡುಗನ ಹಾಡನ್ನು ಹುಡುಗನೇ ಹಾಡಬೇಕೆಂಬ ಕಂಪನಿಯ ನಿಯಮವು, ಕಂಪನಿಗಳ ವೈಭವ ಅಸ್ತಮಿಸಿದ ಬಳಿಕವೂ ಒಂದು ಮನೆತನದಲ್ಲಿ ಮೂರನೆಯ ತಲೆಮಾರಿಗೆ ನಡೆದು ಬಂದಿದ್ದಿತು.